ಮಾವನ ಮೌನ ಸಿದ್ಧಾಂತ

ಹೆಜ್ಜೆ ಸಪ್ಪಳವಾಗದಂತೆ ಸದಾ ಕಾಲುಚೀಲ ತೊಡುವ, ನಮ್ಮ ಮನೆಯ ಏಕೈಕ ವಿಜ್ಞಾನಿಗಳಾದ ಸೋದರಮಾವನವರಿಗೆ,

ಮನೆಯಲ್ಲಿ ಮಾತಿಗೆ ನಿಷೇಧವಿರುವುದರಿಂದ ಈ ಮನವಿಯನ್ನು ತಮ್ಮ ಕೋಣೆಯ ಬಾಗಿಲ ಸಂದಿಯಲ್ಲಿ ತೂರಿಸುತ್ತಿದ್ದೇನೆ.

ಸದ್ದು ಹೆಚ್ಚಾದರೆ ಕಾಲ ಓಡುತ್ತದೆ, ಸದ್ದು ನಿಂತರೆ ತೆವಳುತ್ತದೆ ಎಂಬ ತಮ್ಮ ಸಿದ್ಧಾಂತವನ್ನು ನಾವೆಲ್ಲ ತಲೆಬಾಗಿ ಒಪ್ಪಿದೆವು. ಅಜ್ಜಿಗೆ ಇನ್ನು ಮೂರೇ ತಿಂಗಳು ಎಂದು ಡಾಕ್ಟರು ಹೇಳಿದ ಮೇಲೆ ಒಪ್ಪದಿರಲು ಯಾರಿಗೆ ಮನಸ್ಸು ಬಂದೀತು? ಮಿಕ್ಸಿ ಅಟ್ಟ ಸೇರಿತು. ಕುರ್ಚಿಯ ಕಾಲುಗಳಿಗೂ ಕಾಲುಚೀಲ ಬಂತು. ಸೀನು ಬಂದರೆ ಅಪ್ಪ ಮೂಗು ಹಿಡಿದುಕೊಂಡು ತಾರಸಿಗೆ ಓಡುತ್ತಾರೆ. ಸಾಕಾಗಿ ಹೋಗಿದೆ ಮಾವ!

ಆದ್ದರಿಂದ ನಿನ್ನೆ, ವಿಜ್ಞಾನದ ಹಿತಕ್ಕಾಗಿ, ಅಜ್ಜಿಯ ಮಂಚದ ಪಕ್ಕ ಒಂದು ಸ್ಟೀಲ್ ತಟ್ಟೆ ಬೀಳಿಸಿದೆ. ಹದಿನೈದು ದಿನಗಳಲ್ಲಿ ಮೊದಲ ಸಲ ಅಜ್ಜಿ ನಕ್ಕಳು. "ಇನ್ನೊಂದ್ಸಲ ಬೀಳಿಸೇ, ಕೋತಿ" ಎಂದಳು. ಆಮೇಲೆ ಮೆಲ್ಲಗೆ, "ನಿಮ್ಮಾವ ನನ್ನ ಹತ್ರ ಯಾಕೆ ಮಾತು ಬಿಟ್ಟ? ನಾನೇನಾದ್ರೂ ಅಂದ್ನಾ ಅವನಿಗೆ?" ಎಂದು ಕೇಳಿದಳು.

ನಾನು ತಮ್ಮ ಸಿದ್ಧಾಂತವನ್ನು ವಿವರಿಸಿದೆ. ಅಜ್ಜಿ ಗೋಡೆಯ ಕಡೆ ಹೊರಳಿ ಹೇಳಿದಳು:

"ಅವನು ಹೇಳೋದು ನಿಜ ಕಣೇ. ಮಧ್ಯಾಹ್ನ ಮುಗಿಯೋದೇ ಇಲ್ಲ."

ಆದಕಾರಣ ತಾವು ಇಂದು ಸಂಜೆ ಐದಕ್ಕೆ ಕಾಲುಚೀಲ ಕಳಚಿ, ಬಾಗಿಲನ್ನು ಧಡಾರನೆ ತಳ್ಳಿಕೊಂಡು ಅವಳ ಕೋಣೆಗೆ ಬಂದು, "ಅಮ್ಮಾ" ಎಂದು ಗಟ್ಟಿಯಾಗಿ ಕೂಗಬೇಕಾಗಿ ಕೋರಿಕೆ. ಕಾಲ ಓಡಿದರೆ ಓಡಲಿ ಎಂದು ಅಜ್ಜಿಯೇ ಅಪ್ಪಣೆ ಕೊಟ್ಟಿದ್ದಾಳೆ.

ಇಂತಿ,
ತಟ್ಟೆ ಹಿಡಿದು ಬಾಗಿಲಾಚೆ ಕಾಯುತ್ತಿರುವ
ತಮ್ಮ ಅಕ್ಕನ ಮಗಳು