ಒಗೆತಕ್ಕೆ ಬಾರದ ಮೂರನೇ ನಂಬರಿನ ಜೆರ್ಸಿ

ಫುಟ್‌ಬಾಲ್ ಕ್ಲಬ್ಬಿನ ಮುಖ್ಯ ಕಾರ್ಯನಿರ್ವಹಣಾಧಿಕಾರಿಗಳೇ,

ತಮ್ಮ ತಂಡದ ಒಬ್ಬ ಆಟಗಾರ ಪೆಟ್ಟಾದ ಪಾದವನ್ನು ಬಚ್ಚಿಟ್ಟುಕೊಂಡು ಈ ಭಾನುವಾರ ಮೈದಾನಕ್ಕಿಳಿಯಲಿದ್ದಾನೆ. ಇದನ್ನು ತಿಳಿಸಲು ನಾನು ಮೂರು ಸಲ ತಮ್ಮ ಕಚೇರಿಗೆ ಬಂದೆ. ಮೂರು ಸಲವೂ ತಮ್ಮ ಆಪ್ತ ಸಹಾಯಕರು ನನ್ನನ್ನು ಮೆತ್ತನೆಯ ಸೋಫಾದ ಮೇಲೆ ಕೂರಿಸಿ, ನೀರು ಕೊಟ್ಟು, ವಾಪಸ್ ಕಳಿಸಿದರು. ಕೊನೆಯ ಸಲ, “ಏನೇ ದೂರಿದ್ರೂ ಬರವಣಿಗೇಲಿ ಕೊಡೀಮ್ಮಾ, ಸಾಹೇಬ್ರು ಓದ್ತಾರೆ” ಎಂದರು. ಕೊಡುತ್ತಿದ್ದೇನೆ. ಅವರ ಟ್ರೇಗೆ ಹಾಕುವ ಬದಲು ಪತ್ರಿಕೆಗೆ ಕೊಟ್ಟಿದ್ದೇನೆ, ಏಕೆಂದರೆ ತಾವು ಬೆಳಿಗ್ಗೆ ಎದ್ದು ಪತ್ರಿಕೆಯಲ್ಲಿ ಮೊದಲು ಹುಡುಕುವುದು ತಮ್ಮ ಹೆಸರನ್ನು. ಹದಿನೆಂಟನೇ ವಯಸ್ಸಿನಿಂದ ಇರುವ ಅಭ್ಯಾಸ ಅದು. ಕ್ಷಮಿಸಿ, ಇವತ್ತು ಹೆಸರು ಹಾಕಿಲ್ಲ. ಹುದ್ದೆ ನೋಡಿಯೇ ತೃಪ್ತಿಪಟ್ಟುಕೊಳ್ಳಬೇಕು.

ಓದುಗರಿಗೆ ನನ್ನ ಪರಿಚಯ ಇರಲಾರದು. ಈ ಕ್ಲಬ್ಬಿನ ಬಟ್ಟೆ ಒಗೆಯುವ ಕೋಣೆಯನ್ನು ಮೂವತ್ತೊಂದು ವರ್ಷ ನಡೆಸಿದವಳು ನಾನು. ಓದಿದ್ದು ಹೈಸ್ಕೂಲಿನವರೆಗೆ. ಆಟಗಾರರು ನನ್ನನ್ನು ದೊಡ್ಡಮ್ಮ ಎನ್ನುತ್ತಾರೆ. ನನ್ನ ಕೋಣೆಯಲ್ಲಿ ಒಂದೇ ಕಟ್ಟಳೆ ಇತ್ತು. ಆಟ ಮುಗಿದ ಮೇಲೆ ಆಟಗಾರನೇ ತನ್ನ ಬಟ್ಟೆ ತಂದು ನನ್ನ ಕೈಗೆ ಕೊಡಬೇಕು, ಸಾಕ್ಸನ್ನು ಒಳಮೈ ಹೊರಗೆ ಮಾಡಿ ಬಿಡಿಸಿ ಕೊಡಬೇಕು. ನಾಯಕನಾದರೂ ಸರಿ, ಗೋಲಿನ ಮೇಲೆ ಗೋಲು ಹೊಡೆದವನಾದರೂ ಸರಿ. ಮುದ್ದೆ ಮಾಡಿ ಎಸೆದವನಿಗೆ ಮುಂದಿನ ಪಂದ್ಯಕ್ಕೆ ಅದೇ ಮುದ್ದೆ, ಒಗೆಯದೆ, ವಾಪಸ್ ಸಿಗುತ್ತಿತ್ತು. ಎರಡನೇ ಸಲ ಯಾರೂ ಎಸೆದದ್ದಿಲ್ಲ.

ಜನ ಇದನ್ನು ಮುದುಕಿಯ ಜಂಬ ಎಂದುಕೊಂಡರು. ಜಂಬ ನನಗೆ ಇದೆ, ಇಲ್ಲ ಎನ್ನುವುದಿಲ್ಲ. ಆದರೆ ಕಟ್ಟಳೆ ಇದ್ದದ್ದು ಬೇರೆ ಕಾರಣಕ್ಕೆ. ಬಾಯಿ ಬಿಡದ ಆಟಗಾರನ ಕಥೆಯನ್ನು ಅವನ ಬಟ್ಟೆ ಹೇಳಿಬಿಡುತ್ತದೆ. ಚಡ್ಡಿಯ ಎಡಗಡೆ ಮಾತ್ರ ಹುಲ್ಲಿನ ಕಲೆಯಿದ್ದರೆ ಅವನು ಬಲಗಡೆಗೆ ಬೀಳಲು ಹೆದರುತ್ತಿದ್ದಾನೆ ಎಂದರ್ಥ. ಸಾಕ್ಸ್‌ನ ಒಳಮೈಯಲ್ಲಿ ಟೇಪಿನ ಅಂಟಿದ್ದರೆ ಯಾರಿಗೂ ಹೇಳದೆ ಕಟ್ಟು ಕಟ್ಟಿಕೊಂಡಿದ್ದಾನೆ ಎಂದರ್ಥ. ನಾನು ನೋಡಿದ್ದನ್ನು ಕೋಚ್ ಕಿವಿಯಲ್ಲಿ ಹೇಳುತ್ತಿದ್ದೆ. ಅವರು ಕಾಲು ಒತ್ತಿ ನೋಡುತ್ತಿದ್ದರು. ಇಷ್ಟೇ ಏರ್ಪಾಡು. ಇದಕ್ಕೆ ಕಂಪ್ಯೂಟರ್ ಬೇಕಿರಲಿಲ್ಲ, ಸಮಿತಿಯೂ ಬೇಕಿರಲಿಲ್ಲ.

ಈಗ ತಮ್ಮ ಸಾಧನೆಗೆ ಬರುತ್ತೇನೆ. ತಾವು ಈ ಕ್ಲಬ್ಬಿಗೆ ಎಡಗಡೆಯ ರಕ್ಷಣಾ ಆಟಗಾರರಾಗಿ ಬಂದಿರಿ. ಆಡುವುದು ಬಿಟ್ಟ ಮೇಲೆ ಕಿರಿಯರಿಗೆ ಕಲಿಸಿದಿರಿ, ಊರೂರು ತಿರುಗಿ ಹೊಸಬರನ್ನು ಹುಡುಕಿದಿರಿ, ಆಡಳಿತದ ಕೋರ್ಸು ಮಾಡಿದಿರಿ, ಬೇರೆ ಕ್ಲಬ್ಬಿನಲ್ಲಿ ನಿರ್ದೇಶಕರಾದಿರಿ. ಮೂರು ವರ್ಷದ ಹಿಂದೆ ಟೈ ಕಟ್ಟಿಕೊಂಡು ಇಲ್ಲಿಗೇ ಮರಳಿದಿರಿ. ಅಂದು ನನಗೆ ಆದ ಸಂತೋಷ ಅಷ್ಟಿಷ್ಟಲ್ಲ. ಹುಲ್ಲಿನ ಮೇಲೆ ಬಿದ್ದೆದ್ದವನು ಮೇಲೆ ಕೂತರೆ ಹುಲ್ಲಿನವರಿಗೆ ಒಳ್ಳೆಯದಾಗುತ್ತದೆ ಎಂದು ನನ್ನ ಸೊಸೆಗೆ ಹೇಳಿದೆ. ಆಗಲಿಲ್ಲ ಎನ್ನಲಾರೆ. ಸೂರು ಸೋರುವುದು ನಿಂತಿತು, ಸ್ನಾನದ ಕೋಣೆಗೆ ಬಿಸಿನೀರು ಬಂತು. ಆಮೇಲೆ ತಾವು ಗಾಜಿನ ಕಚೇರಿ ಕಟ್ಟಿಸಿದಿರಿ. ಒಳಗಿನಿಂದ ಮೈದಾನ ಪೂರ್ತಿ ಕಾಣುತ್ತದಂತೆ. ಮೈದಾನದಿಂದ ನೋಡಿದರೆ ಗಾಜು ಮಾತ್ರ ಕಾಣುತ್ತದೆ.

ಅನಂತರ ನನ್ನ ಕೋಣೆಯ ಸರದಿ. ಬಟ್ಟೆಯನ್ನೆಲ್ಲ ಈಗ ಮೊಹರು ಹಾಕಿದ ಚೀಲದಲ್ಲಿ ಊರಾಚೆಯ ಕಾರ್ಖಾನೆಗೆ ಕಳಿಸುತ್ತಾರೆ. ಅಲ್ಲಿ ಯಂತ್ರ ಒಗೆಯುತ್ತದೆ, ಯಂತ್ರ ಮಡಿಸುತ್ತದೆ. ಯಾವ ಸಾಕ್ಸ್ ಯಾವ ಕಾಲಿನದು ಎಂದು ಕೇಳುವವರು ಯಾರೂ ಇಲ್ಲ. ನನ್ನನ್ನು ಮನೆಗೆ ಕಳಿಸಲು ತಮಗೆ ಮನಸ್ಸು ಬರಲಿಲ್ಲವೆಂದು ಕಾಣುತ್ತದೆ, “ಪರಂಪರೆಯ ರಾಯಭಾರಿ” ಎಂಬ ಪದವಿ ಕೊಟ್ಟಿರಿ. ಹೊಸ ಕಾರಿಡಾರಿನಲ್ಲಿ ನನ್ನ ಇಸ್ತ್ರಿ ಮೇಜನ್ನಿಟ್ಟು, ಸುತ್ತ ಕೆಂಪು ಹಗ್ಗ ಕಟ್ಟಿ, ಹಗ್ಗದ ಹಿಂದೆ ನನಗೊಂದು ಕುರ್ಚಿ ಹಾಕಿಸಿದಿರಿ. ನೋಡಲು ಬಂದವರು, “ಅಮ್ಮಾ, ಇಸ್ತ್ರಿ ಹಿಡ್ಕೊಂಡು ಸ್ವಲ್ಪ ನಗಿ” ಎಂದು ಫೋಟೋ ತೆಗೆಯುತ್ತಾರೆ. ಇಸ್ತ್ರಿಪೆಟ್ಟಿಗೆಗೆ ಕರೆಂಟಿನ ಸಂಪರ್ಕವಿಲ್ಲ. ಮೂವತ್ತೊಂದು ವರ್ಷದಲ್ಲಿ ಒಂದು ದಿನವೂ ನಾನು ತಣ್ಣಗಿನ ಇಸ್ತ್ರಿ ಹಿಡಿದವಳಲ್ಲ.

ಇದನ್ನೂ ಹೊಟ್ಟೆಗೆ ಹಾಕಿಕೊಳ್ಳುತ್ತಿದ್ದೆ. ಆದರೆ ನನ್ನ ಕುರ್ಚಿಯ ಎದುರೇ ಒಂದು ಗಾಜಿನ ಪೆಟ್ಟಿಗೆಯಿದೆ. ಅದರಲ್ಲಿ ತಮ್ಮ ಮೂರನೇ ನಂಬರಿನ ಜೆರ್ಸಿ. ಕೆಳಗಿನ ಫಲಕ ಹೀಗಿದೆ: “ಮೊಣಕಾಲು ಮುರಿದರೂ ಮೈದಾನ ಬಿಡದ ವೀರ ಫೈನಲ್‌ನಲ್ಲಿ ತೊಟ್ಟ ಜೆರ್ಸಿ.” ಪ್ರತಿ ದೊಡ್ಡ ಪಂದ್ಯಕ್ಕೆ ಮುಂಚೆ ತಾವು ಆಟಗಾರರನ್ನು ಅದರ ಮುಂದೆ ಸಾಲಾಗಿ ನಿಲ್ಲಿಸಿ ಭಾಷಣ ಮಾಡುತ್ತೀರಿ. ನೋವು ಎನ್ನುವುದು ಕಾಲಿನಲ್ಲಿಲ್ಲ, ತಲೆಯಲ್ಲಿದೆ ಎನ್ನುತ್ತೀರಿ. ಎಂಟು ಅಡಿ ದೂರದಲ್ಲಿ, ಹಗ್ಗದ ಹಿಂದೆ, ನಾನು ಕೂತಿರುತ್ತೇನೆ. ಭಾಷಣದುದ್ದಕ್ಕೂ ತಾವು ಎಲ್ಲ ಕಡೆ ನೋಡುತ್ತೀರಿ, ನನ್ನ ಕಡೆಯೊಂದನ್ನು ಬಿಟ್ಟು.

ಆ ಜೆರ್ಸಿಯ ತೋಳಿನ ಮೇಲೆ ಒಂದು ಗೆರೆಯಿದೆ, ಗಮನಿಸಿದ್ದೀರಾ? ಅದು ಇಪ್ಪತ್ತಾರು ವರ್ಷದ ಹಿಂದೆ ಫೈನಲ್‌ನ ಬೆಳಿಗ್ಗೆ ನಾನು ಹಾಕಿದ ಇಸ್ತ್ರಿಯ ಗೆರೆ. ತೊಂಬತ್ತು ನಿಮಿಷ ಓಡಿ, ಬಿದ್ದು, ಬೆವೆತ ಜೆರ್ಸಿಯಲ್ಲಿ ಇಸ್ತ್ರಿಯ ಗೆರೆ ಉಳಿಯುತ್ತದೆಯೇ? ನಾನು ತೂಗುಹಾಕಿದ ಗೂಟದಲ್ಲಿ ಅದು ಸಂಜೆಯವರೆಗೆ ಹಾಗೇ ತೂಗುತ್ತಿತ್ತು. ತಮ್ಮ ಜಾಗದಲ್ಲಿ ಬೇರೊಬ್ಬ ಆಡಿದ. ಕಪ್ ಹಿಡಿದ ಚಿತ್ರದ ಅಂಚಿನಲ್ಲಿ ತಾವು ಸಾದಾ ಅಂಗಿ ತೊಟ್ಟು, ಕೋಲು ಊರಿಕೊಂಡು, ಮುಖ ಊದಿಸಿಕೊಂಡು ನಿಂತಿದ್ದಿರಿ. ಕಾರಿಡಾರಿನ ಗೋಡೆಯ ಮೇಲಿನ ಚಿತ್ರದಲ್ಲಿ ಆ ಅಂಚನ್ನೇ ಕತ್ತರಿಸಿದ್ದಾರೆ. ಅಚ್ಚುಕಟ್ಟಾದ ಕೆಲಸ.

ತಮ್ಮನ್ನು ಅಂದು ಆಟಕ್ಕಿಳಿಯದಂತೆ ಕೂರಿಸಿದ್ದು ನಾನು. ಹಿಂದಿನ ದಿನದ ಅಭ್ಯಾಸದ ಸಾಕ್ಸ್ ನನ್ನ ಕೈಗೆ ಬಂದಾಗ ಬಲಗಾಲಿನದರ ಎಲಾಸ್ಟಿಕ್ ಬ್ಲೇಡಿನಿಂದ ಸೀಳಿತ್ತು. ಕಾಲು ಊದಿದವನಿಗೆ ಮಾತ್ರ ಎಲಾಸ್ಟಿಕ್ ಬಿಗಿಯುತ್ತದೆ. ಕೋಚ್‌ಗೆ ಹೇಳಿದೆ. ಅವರು ಬೆಳಿಗ್ಗೆ ಮೊಣಕಾಲು ಒತ್ತಿದಾಗ ತಾವು ಕೂಗಿಕೊಂಡದ್ದು ನನ್ನ ಕೋಣೆಗೂ ಕೇಳಿಸಿತು. ಆಮೇಲೆ ಕುಂಟುತ್ತಾ ಬಂದಿರಿ.

“ನನ್ನ ಜೀವನಾನೇ ಹಾಳು ಮಾಡಿದ್ರಿ, ದೊಡ್ಡಮ್ಮ.”

“ಹಾಳಾದ್ರೆ ಆಮೇಲೆ ಬಂದು ಬೈಯಿ. ಈಗ ಆಸ್ಪತ್ರೆಗೆ ನಡಿ.”

ಅಂದು ಆಡಿದ್ದರೆ ಮತ್ತೆ ನೆಟ್ಟಗೆ ನಡೆಯುತ್ತಿರಲಿಲ್ಲ ಎಂದು ಡಾಕ್ಟರು ಹೇಳಿದರು. ಒಂದು ವರ್ಷ ತಾವು ನನ್ನ ಜೊತೆ ಮಾತು ಬಿಟ್ಟಿರಿ. ಆಮೇಲೆ ಒಂದು ಮಧ್ಯಾಹ್ನ ಬಂದು, ಸಾಕ್ಸನ್ನು ಮೇಜಿನ ಮೇಲಿಟ್ಟು, “ಒಳಮೈ ಹೊರಗೆ ಮಾಡಿದೀನಿ, ನೋಡ್ಕೊಳ್ಳಿ” ಎಂದಿರಿ. ಅದನ್ನು ನಾನು ಕ್ಷಮೆ ಎಂದೇ ಲೆಕ್ಕಕ್ಕೆ ತೆಗೆದುಕೊಂಡೆ. ಮುಂದೆ ಒಂಬತ್ತು ವರ್ಷ ಆಡಿದಿರಿ.

ಈ ಸುಳ್ಳು ತಾವೇ ಕಟ್ಟಿದ್ದಲ್ಲ, ಅದೂ ನನಗೆ ಗೊತ್ತು. ಯಾರೋ ವರದಿಗಾರ ತಪ್ಪು ಬರೆದ. ತಾವು ತಿದ್ದಲಿಲ್ಲ. ಓದಿ ಮುಗುಳ್ನಕ್ಕಿರಿ, ಅಷ್ಟೇ. ನಾನೂ ಬಾಯಿ ಮುಚ್ಚಿಕೊಂಡೆ. ನಮ್ಮ ಹುಡುಗ ಮೇಲೆ ಹೋಗುತ್ತಿದ್ದಾನೆ, ಕಾಲೆಳೆಯುವುದೇಕೆ ಎಂದುಕೊಂಡೆ. ನನ್ನ ತಪ್ಪಿನ ಪಾಲು ಅಷ್ಟು. ಆದರೆ ಸುಳ್ಳು ಗೋಡೆಯ ಮೇಲಿದ್ದಷ್ಟು ದಿನ ಅಲಂಕಾರ, ಇನ್ನೊಬ್ಬರ ಕಾಲಿಗೆ ಬಂದರೆ?

ಬಂದಿದೆ. ಕಳೆದ ವಾರ ಒಬ್ಬ ಆಟಗಾರ ಹಗ್ಗ ದಾಟಿ ನನ್ನ ಕುರ್ಚಿಯ ಬಳಿ ಬಂದ. ಜೇಬಿನಿಂದ ಒಂದು ಸಾಕ್ಸ್ ತೆಗೆದು, “ದೊಡ್ಡಮ್ಮ, ಇದನ್ನ ಕಾಣದ ಹಾಗೆ ಹೊಲಿದುಕೊಡ್ತೀರಾ?” ಎಂದ. ಹಿಮ್ಮಡಿಯ ಬಳಿ ಬ್ಲೇಡಿನಿಂದ ಸೀಳಿತ್ತು. ಒಳಗೆಲ್ಲ ಟೇಪಿನ ಅಂಟು.

“ಕಾಲಿಗೆ ಏನಾಗಿದೆಯಪ್ಪಾ?”

“ಏನಿಲ್ಲ, ಸ್ವಲ್ಪ ನೋವು. ಯಾರಿಗೂ ಹೇಳ್ಬೇಡಿ. ಸಾಹೇಬ್ರು ಮೊಣಕಾಲು ಮುರ್ಕೊಂಡು ಫೈನಲ್ ಆಡಿದ್ರು. ನಂದು ಬರೀ ಪಾದ.”

ಹೀಗೆಂದು ಗಾಜಿನ ಪೆಟ್ಟಿಗೆಯ ಕಡೆ ನೋಡಿದ, ಸ್ವಾಮಿ. ನನ್ನ ಇಸ್ತ್ರಿಯ ಗೆರೆಯನ್ನು ಭಕ್ತಿಯಿಂದ ನೋಡಿದ. ಸಾಕ್ಸ್ ನನ್ನ ಹತ್ತಿರವೇ ಇರಲಿ ಎಂದೆ. ಬೇರೆ ಜೊತೆ ಸಿಗುತ್ತದೆ ಬಿಡಿ ಎಂದು ಹೊರಟುಹೋದ. ಹೋಗುವಾಗ ಸರಿಯಾಗಿ ನಡೆಯಲು ಅವನು ಪಟ್ಟ ಪಾಡು ಇಡೀ ಕಾರಿಡಾರಿನಲ್ಲಿ ನನಗೊಬ್ಬಳಿಗೇ ಕಂಡಿತು.

ಕೋಚ್‌ಗೆ ಹೇಳೋಣವೆಂದರೆ ನನ್ನ ಕಾರ್ಡಿಗೆ ಆಟಗಾರರ ಕಡೆಯ ಬಾಗಿಲು ತೆರೆಯುವುದಿಲ್ಲ. ಪರಂಪರೆ ವಿಭಾಗದವರು ತರಬೇತುದಾರರನ್ನು ಮಾತನಾಡಿಸಬಾರದು ಎಂದು ತಮ್ಮದೇ ಸಹಿಯ ಸುತ್ತೋಲೆಯಿದೆ. ತಂಡದ ಡಾಕ್ಟರನ್ನು ಕಾರು ನಿಲ್ಲಿಸುವಲ್ಲಿ ಹಿಡಿದೆ. “ಅವನಾಗೇ ಹೇಳದೆ ನಾನು ಮುಟ್ಟೋ ಹಾಗಿಲ್ಲಮ್ಮ, ಮೇಲಿಂದ ಹೇಳಿಸಿ” ಎಂದರು. ಮೇಲೆ ಎಂದರೆ ತಾವು. ತಾವು ಎಂದರೆ ಸೋಫಾ.

ಅವನ ಹೆಸರು ಬರೆಯುವುದಿಲ್ಲ, ನಂಬರೂ ಬರೆಯುವುದಿಲ್ಲ. ತಮ್ಮದನ್ನು ಹೇಳಿದಾಗಲೂ ಒಬ್ಬರ ಕಿವಿಯಲ್ಲಿ ಹೇಳಿದ್ದೆನೇ ಹೊರತು ಊರಿಗೆಲ್ಲ ಸಾರಿರಲಿಲ್ಲ. “ಅತ್ತೆ, ಪೇಪರಿಗೆಲ್ಲ ಬರೆದ್ರೆ ಇರೋ ಕುರ್ಚೀನೂ ಹೋಗುತ್ತೆ” ಎಂದು ಸೊಸೆ ಹೇಳಿದಳು. “ಹೋಗ್ಲಿ ಬಿಡೇ, ಕೂತಿರೋ ಕೆಲಸ ನನಗೆ ಮೊದಲಿಂದ್ಲೂ ಬರಲ್ಲ” ಎಂದೆ.

ನನ್ನ ಬೇಡಿಕೆ ದೊಡ್ಡದಲ್ಲ. ಭಾನುವಾರ ಆಟಕ್ಕೆ ಮುಂಚೆ ತಾವು ಗಾಜಿನ ಕಚೇರಿಯಿಂದ ಇಳಿದು ಡ್ರೆಸ್ಸಿಂಗ್ ರೂಮಿಗೆ ಹೋಗಬೇಕು. ಟೈ ಇದ್ದರೂ ಪರವಾಗಿಲ್ಲ. ಶನಿವಾರದ ಅಭ್ಯಾಸದ ಸಾಕ್ಸ್‌ಗಳನ್ನು, ಭಾನುವಾರ ಬೆಳಿಗ್ಗೆ ಚೀಲಕ್ಕೆ ಮೊಹರು ಬೀಳುವ ಮುಂಚೆ, ಒಬ್ಬೊಬ್ಬರಿಂದಲೂ ಒಳಮೈ ಹೊರಗೆ ಮಾಡಿಸಿ ತಮ್ಮ ಕೈಗೇ ತೆಗೆದುಕೊಳ್ಳಬೇಕು. ಏನು ನೋಡಬೇಕೆಂದು ತಮಗೆ ಹೇಳಿಕೊಡಬೇಕಾಗಿಲ್ಲ. ಸಿಕ್ಕಿದವನನ್ನು ಬೈಯದೆ ಕೂರಿಸಬೇಕು. ಆಮೇಲೆ ಎಲ್ಲರನ್ನೂ ಗಾಜಿನ ಪೆಟ್ಟಿಗೆಯ ಮುಂದೆ ನಿಲ್ಲಿಸಿ ಹೊಸ ಫಲಕ ಓದಬೇಕು. ಬರೆದು ಕೊಡುತ್ತೇನೆ: “ಈ ಜೆರ್ಸಿಯನ್ನು ಫೈನಲ್‌ನಲ್ಲಿ ಯಾರೂ ತೊಡಲಿಲ್ಲ. ಆದ್ದರಿಂದಲೇ ಇದರ ಒಡೆಯ ಮುಂದೆ ಒಂಬತ್ತು ವರ್ಷ ಆಡಿದ.”

ಪತ್ರವೆಂದು ಇಷ್ಟು ಹೊತ್ತು ತಾವು ತಾವು ಎಂದೆ. ಇನ್ನು ಸಾಕು. ಲಿಫ್ಟ್ ಇದ್ದರೂ ನೀನು ದಿನಾ ಬೆಳಿಗ್ಗೆ ಎರಡೆರಡು ಮೆಟ್ಟಿಲು ಹಾರಿಕೊಂಡು ಕಚೇರಿಗೆ ಹತ್ತುತ್ತೀಯಲ್ಲ, ಅದನ್ನು ನಾನು ಹಗ್ಗದ ಹಿಂದಿನಿಂದ ನೋಡುತ್ತಿರುತ್ತೇನೆ. ನೋಡಿದಾಗಲೆಲ್ಲ ಸಂತೋಷವಾಗುತ್ತದೆ. ಭಾನುವಾರ ಇಳಿದು ಬರುವಾಗ ಆ ಬಲ ಮೊಣಕಾಲನ್ನು ಒಂದು ಮಾತು ಕೇಳಿಕೊಂಡು ಬಾ.

ಇಂತಿ,
ತಣ್ಣಗಿನ ಇಸ್ತ್ರಿಪೆಟ್ಟಿಗೆಯ ರಾಯಭಾರಿ,
ನಿನ್ನ ಎಲ್ಲ ಜೆರ್ಸಿಗಳನ್ನೂ, ಆ ಒಂದನ್ನು ಬಿಟ್ಟು, ಒಗೆದವಳು
(ಸಾಕ್ಸ್ ನನ್ನ ಬಳಿಯೇ ಇದೆ. ಹೊಲಿದಿಲ್ಲ.)