‘ಪ’ ಅಕ್ಷರದೊಳಗಿನ ಲಾರಿ

ನೇಸರಗಿ
೧೮ ನವೆಂಬರ್ ೨೦೨೪

ಮಹೇಕಳ ಅಬ್ಬಾ ಅವರಿಗೆ ಗುಲಫಶಾಳ ಸಲಾಮ್.

ಬೆನ್ನುನೋವು ಹೇಗಿದೆ? ನಾನು ಹೊಲಿದುಕೊಟ್ಟ ದಿಂಬನ್ನು ಲಾರಿಯ ಸೀಟಿಗೆ ಇಟ್ಟುಕೊಂಡಿದ್ದೀರೋ, ಕ್ಲೀನರನ ತಲೆಗೆ ಕೊಟ್ಟಿದ್ದೀರೋ? ಇಲ್ಲಿ ನಿಮ್ಮ ಅಮ್ಮಿ ಆರಾಮಾಗಿದ್ದಾರೆ. ಫೋನಿನಲ್ಲಿ ಮಗಳ ಮಾತು ತೆಗೆದರೆ ಸಾಕು, “ರೇಂಜ್ ಇಲ್ಲ, ಆಮ್ಯಾಲ ಮಾತಾಡ್ತೇನಿ” ಎಂದು ಇಟ್ಟುಬಿಡುತ್ತೀರಿ. ಅದಕ್ಕೇ ಈ ಕಾಗದ ಬರೆದು ನಿಮ್ಮ ತಮ್ಮ ಸಾಜಿದ್‌ನ ಕೈಗೆ ಕೊಡುತ್ತಿದ್ದೇನೆ. ಪೂರ್ತಿ ಓದಿ.

ಕಿವಿಗೆ ಮಷಿನ್ ಹಾಕಿಸಿದ ಮೇಲೆ ಮಹೇಕಳನ್ನು ಅಂಗನವಾಡಿಗೆ ಕಳಿಸುತ್ತಿದ್ದೇನೆ. ಭಾಗೀರಥಿ ಟೀಚರ್ ನೆಲದ ಮೇಲೆ ಚಾಪೆಯಷ್ಟು ದೊಡ್ಡ ಅಕ್ಷರ ಬರೆದು, ಮಕ್ಕಳನ್ನು ಗೆರೆಯ ಮೇಲೆ ನಡೆಸುತ್ತಾ ಅದರ ಸದ್ದು ಹೇಳಿಸುತ್ತಾರೆ. ನಮ್ಮವಳು ಟೀಚರ ಗಂಟಲ ಮೇಲೆ ಕೈಯಿಟ್ಟು ಕಲಿಯುತ್ತಾಳೆ. ಮನೆಗೆ ಬಂದು ಆ ಸದ್ದು ಎಲ್ಲಿದೆಯೆಂದು ಹುಡುಕಿ, ಹಾಳೆಯ ಮೇಲಿನ ಅಕ್ಷರದೊಳಗೆ ಅದರ ಚಿತ್ರ ಬರೆಯಬೇಕು. ‘ರ’ದೊಳಗೆ ರ್ರ್ರ್ ಎನ್ನುವ ನನ್ನ ಹೊಲಿಗೆ ಮಷಿನ್ ಕೂತಿದೆ. ‘ಆ’ದೊಳಗೆ ಅಮ್ಮಿಯ ಆಕಳಿಕೆ! “ನನ್ನ ಬಾಯಿ ಇಷ್ಟ ದೊಡ್ಡದೈತೇನ?” ಎಂದು ಅಮ್ಮಿ ಸಿಟ್ಟಾದರು. ಆಮೇಲೆ ಅವರೇ ಆ ಹಾಳೆಯನ್ನು ಓಣಿಗೆಲ್ಲ ತೋರಿಸಿ ಬಂದರು.

ಆದರೂ ನಾವು ತೋರಿಸಿಕೊಡದೆ, ತಾನಾಗಿ ಅವಳು ಯಾವ ಸದ್ದಿಗೂ ತಿರುಗಿರಲಿಲ್ಲ. ಹೋದ ವಾರ ‘ಪ’ ಬಂತು. ಪಾತ್ರೆ ಬಡಿದು ತೋರಿಸಿದೆ, ಬೇಡವೆಂದು ತಲೆಯಾಡಿಸಿದಳು. ಅಷ್ಟರಲ್ಲಿ ರಸ್ತೆಯಲ್ಲಿ ಯಾವುದೋ ಲಾರಿ ಪೋಂ ಎಂದಿತು. ಗೋಡೆಗೆ ಮುಖ ಮಾಡಿ ಕೂತಿದ್ದವಳು ತಟ್ಟನೆ ಎದ್ದು ಬಾಗಿಲಿಗೆ ಓಡಿದಳು. ಕೇಳಿತ್ತು ಅವಳಿಗೆ, ರೀ! ನನಗೆ ಅಳು ತಡೆಯಲಾಗಲಿಲ್ಲ. ಲಾರಿ ನಿಲ್ಲದೆ ಹೋಯಿತು. ಒಳಗೆ ಬಂದು ‘ಪ’ದೊಳಗೆ ಹಸಿರು ಲಾರಿ ಬರೆದು, ಅದರ ಕಿಟಕಿಯಲ್ಲಿ ಒಂದು ದಪ್ಪ ಮೀಸೆ ಇಟ್ಟಳು. ಆ ಹಾಳೆ ಈ ಕಾಗದದ ಜೊತೆಗೇ ಇದೆ.

ಮೊದಲೆಲ್ಲ ಓಣಿಗೆ ತಿರುಗುವಾಗ ಹಾರ್ನ್ ಹೊಡೆಯುತ್ತಿದ್ದಿರಿ. ಡಾಕ್ಟರು ಅವಳ ಕಿವಿಯ ವಿಷಯ ಹೇಳಿದ ಮೇಲೆ ಬಿಟ್ಟಿರಿ. “ಮಗಳಿಗೆ ಕೇಳಸದ ಹಾರ್ನ್ ಯಾರಿಗಂತ ಹೊಡಿಲಿ?” ಎಂದಿದ್ದಿರಿ. ನಿಮ್ಮ ಸಂಕಟ ನನಗೆ ಗೊತ್ತಿತ್ತು.

ಹೊತ್ತಿಗೆ ಸರಿಯಾಗಿ ಊಟ ಮಾಡಿ. ಅಮ್ಮಿಯ ದುವಾ ಸದಾ ನಿಮ್ಮ ಮೇಲಿದೆ.

ನಿಮ್ಮ
ಗುಲಫಶಾ

ತಾ.ಕ.: ಸಾಜಿದ್ ಅವಸರ ಮಾಡುತ್ತಿದ್ದಾನೆ. ಈಗ ಯಾವ ಲಾರಿ ಕೂಗಿದರೂ ಬಾಗಿಲಿಗೆ ಓಡುತ್ತಾಳೆ, ನೀವಲ್ಲವೆಂದು ಮುಖ ಸಣ್ಣ ಮಾಡಿಕೊಂಡು ಬರುತ್ತಾಳೆ. ಮಲಗುವಾಗ ಮಷಿನ್ ತೆಗೆಯುತ್ತೇವೆ, ಹಗಲಿನಲ್ಲೇ ಬನ್ನಿ. ತಿರುವಿನಲ್ಲಿ ಹಾರ್ನ್ ಹೊಡೆಯಿರಿ. ಓಣಿಯವರು ಬೈದರೆ ನಾನಿದ್ದೇನೆ, ಅವಳು ಬಾಗಿಲಿಗೆ ಬರುವ ತನಕ ಹಾರ್ನ್ ನಿಲ್ಲಿಸಬೇಡಿ.