ಕ್ಲಾರೆನ್ಸ್ ಹೆಸರಿನ ಆಟ

ಪೆನ್ಸಿಲ್ವೇನಿಯ
೨೯ ನವೆಂಬರ್ ೧೯೦೩

ಮುದ್ದಿನ ತಂಗಿ ಜುಜ್ಕಾಳಿಗೆ,

ನೀನು ಮುಖ ಊದಿಸಿಕೊಂಡಿರುವುದು ಇಲ್ಲಿಂದಲೇ ಕಾಣುತ್ತಿದೆ. ಮಗುವಿನ ಜ್ಞಾನಸ್ನಾನಕ್ಕೆ ಬರಲಿಲ್ಲ, ಮೂರು ತಿಂಗಳಿಂದ ಒಂದು ಸಾಲೂ ಬರೆಯಲಿಲ್ಲ. ಅಣ್ಣ ಗಣಿಯಲ್ಲಿ ಹೂತುಹೋದನೋ ಹೆಂಡದಂಗಡಿಯಲ್ಲಿ ಹೂತುಹೋದನೋ ಎಂದು ನಿನ್ನ ಗಂಡ ಮಾತೆಯ್ ಹಂಗಿಸಿರುತ್ತಾನೆ. ಎರಡೂ ಅಲ್ಲ ಎಂದು ಅವನಿಗೆ ಹೇಳು. ನಾನು ಕಾಲೇಜಿನಲ್ಲಿದ್ದೆ. ನಗಬೇಡ. ಪುಸ್ತಕವನ್ನೇನೂ ಮುಟ್ಟಲಿಲ್ಲ, ಫುಟ್ಬಾಲ್ ಆಡಿದೆ.

ಹಳಿ ತಪ್ಪಿದ ಕಲ್ಲಿದ್ದಲ ಬಂಡಿಯನ್ನು ನಾನು ಹೆಗಲು ಕೊಟ್ಟು ಎತ್ತುವುದನ್ನು ಕಾಲೇಜಿನ ತರಬೇತುದಾರ ಟಿಲ್‌ಸನ್ ನೋಡಿದನಂತೆ. ಇಲ್ಲಿಯ ಫುಟ್ಬಾಲಿನಲ್ಲಿ ಕಾಲಿಗಿಂತ ಹೆಗಲಿಗೇ ಕೆಲಸ ಹೆಚ್ಚು. ಚೆಂಡನ್ನು ಅಪ್ಪಿಕೊಂಡು, ತಲೆ ತಗ್ಗಿಸಿ, ಎದುರು ಪಕ್ಷದವರ ಗೋಡೆಗೆ ನುಗ್ಗಬೇಕು. ನಮ್ಮವರು ಹಿಂದಿನಿಂದ ನೂಕುತ್ತಾರೆ. ಮೂಗು ಮುರಿದರೆ ಅದು ನಿನ್ನ ಹಣೆಬರಹ.

ಆದರೆ ವಿದ್ಯಾರ್ಥಿಗಳೇ ಆಡಬೇಕೆಂದು ನಿಯಮ. ಅದಕ್ಕೂ ಟಿಲ್‌ಸನ್ ದಾರಿ ಹುಡುಕಿದ್ದ. "ಕ್ಲಾರೆನ್ಸ್ ವಿಟ್ಲೋ ಅಂತ ಒಬ್ಬ ಹುಡುಗ ಸೇರಿದ ವಾರಕ್ಕೇ ಎಲ್ಲಿಗೋ ಓಡಿಹೋದ. ಹೆಸರು ಸುಮ್ನೆ ಬಿದ್ದಿದೆ, ನೀನು ತಗೋ. ಪತ್ರಿಕೆಯವ್ರು ಏನಾದ್ರೂ ಕೇಳಿದ್ರೆ ತಲೆ ಆಡಿಸು, ಅಷ್ಟೆ. ನಿನ್ನ ಇಂಗ್ಲಿಷು ಕೇಳಿದ್ರೆ ಕಥೆ ಮುಗೀತು. ಬಾಯಿ ಬಿಟ್ರೆ ಬಣ್ಣಗೇಡು!" ಇದು ನಮ್ಮೊಬ್ಬರ ಕಳ್ಳಾಟವೆಂದು ತಿಳಿಯಬೇಡ. ಕೊನೆಯ ಪಂದ್ಯದ ಎದುರಾಳಿಗಳಲ್ಲಿ ಇಬ್ಬರು ಮಕ್ಕಳ ತಂದೆಯಾದ ಕಮ್ಮಾರನೊಬ್ಬನಿದ್ದ. ಗ್ರೀಕ್ ಭಾಷೆ ಓದುತ್ತಿದ್ದಾನೆ ಎಂದು ಅವರು ಹೇಳುತ್ತಿದ್ದರು.

ಮೊದಲ ಪಂದ್ಯ ಸೋತೆವು. ಆಮೇಲೆ ನಮ್ಮನ್ನು ಹಿಡಿಯುವವರಿರಲಿಲ್ಲ. "ವಿಟ್ಲೋ ನುಗ್ಗಿದ", "ವಿಟ್ಲೋ ಗೆಲ್ಲಿಸಿದ" ಎಂದು ಪ್ರತಿ ವಾರ ಪತ್ರಿಕೆಯಲ್ಲಿ ಬರುತ್ತಿತ್ತು. ಸುಳ್ಳು ಯಾಕೆ ಹೇಳಲಿ, ನನಗೆ ಹಿತವಾಗಿತ್ತು. ಬಿಳಿಯ ಹಾಸಿಗೆ, ದಿನವೂ ಮಾಂಸ, "ಬಾರೋ ಕ್ಲಾರೆನ್ಸ್" ಎಂದು ಹೆಗಲ ಮೇಲೆ ಕೈ ಹಾಕುವ ಗೆಳೆಯರು. ಎಲ್ಲಕ್ಕಿಂತ ಹೆಚ್ಚಾಗಿ, ಕೊನೆಯ ಪಂದ್ಯ ಗೆದ್ದರೆ ಮೈದಾನ ನೋಡಿಕೊಳ್ಳುವ ಕಾಯಂ ಕೆಲಸ ಕೊಡಿಸುತ್ತೇನೆಂದು ಟಿಲ್‌ಸನ್ ಮಾತು ಕೊಟ್ಟಿದ್ದ. ಮತ್ತೆಂದೂ ನೆಲದಡಿಗೆ ಇಳಿಯಬೇಕಿರಲಿಲ್ಲ. ಕಡೆಗಾಲದಲ್ಲಿ ಅಪ್ಪ ಹೇಗೆ ಕೆಮ್ಮುತ್ತಿದ್ದರು ಎಂಬುದು ನಿನಗೆ ಹೇಳಬೇಕಾಗಿಲ್ಲ.

ಮೊನ್ನೆ ಗುರುವಾರ, ಕೃತಜ್ಞತೆಯ ಹಬ್ಬದ ದಿನ, ಆ ಪಂದ್ಯ ನಡೆಯಿತು. ಹಿಂದಿನ ದಿನದ ಮಳೆಗೆ ಮೈದಾನವೆಲ್ಲ ಕೆಸರು. ನಾನೇ ಚೆಂಡು ಹೊತ್ತು ಗೆರೆ ದಾಟಿದೆ, ಗೆದ್ದೆವು. ಹುಡುಗರು ನನ್ನನ್ನು ಹೆಗಲ ಮೇಲೆ ಹೊತ್ತು "ವಿಟ್ಲೋ! ವಿಟ್ಲೋ!" ಎಂದು ಕೂಗುತ್ತಿದ್ದಾಗ ಕಪ್ಪು ಟೋಪಿಯ ಹೆಂಗಸೊಬ್ಬರು ಜನರನ್ನು ತಳ್ಳಿಕೊಂಡು ಬಂದರು. "ಕೆಳಗಿಳಿಸ್ರಪ್ಪಾ, ಅವನು ನನ್ನ ಮಗ!"

ಹುಡುಗರು ಇಳಿಸಿದರು. ನನ್ನ ಮುಖದಲ್ಲಿ ಕಣ್ಣು ಬಿಟ್ಟರೆ ಮಿಕ್ಕಿದ್ದೆಲ್ಲ ಕೆಸರು. ಆ ತಾಯಿ ಕರವಸ್ತ್ರ ತೆಗೆದು ಹಣೆಯಿಂದ ಒರೆಸತೊಡಗಿದರು. ಕೈ ಹಿಡಿದು ತಡೆಯಬಹುದಿತ್ತು, ನನ್ನಿಂದಾಗಲಿಲ್ಲ. ಅಮ್ಮ ಹೋದ ಮೇಲೆ ನನ್ನ ಮುಖವನ್ನು ಯಾರೂ ಒರೆಸಿರಲಿಲ್ಲ ಜುಜ್ಕಾ. ಕೆನ್ನೆಯವರೆಗೆ ಬಂದ ಕೈ ಅಲ್ಲೇ ನಿಂತಿತು.

"ನೀನ್ಯಾರಪ್ಪಾ?"

ಟಿಲ್‌ಸನ್ ಓಡಿಬಂದ. "ಅಮ್ಮಾ, ಈ ಹುಡುಗ್ರು ಸಂತೋಷಕ್ಕೆ ಯಾರನ್ನೋ ಹೊತ್ಕೊಂಡು ಕುಣೀತಿದಾರೆ. ಕ್ಲಾರೆನ್ಸ್‌ಗೆ ಸ್ವಲ್ಪ ಪೆಟ್ಟಾಗಿದೆ, ಮಲಗಿದಾನೆ. ನಾಳೆ ನೋಡ್ಬಹುದು. ಅಲ್ವೇನೋ?" ಎಂದು ನನ್ನ ಕಡೆ ತಿರುಗಿದ. ನಾನು ತಲೆ ಆಡಿಸಿದರೆ ಸಾಕಿತ್ತು, ಕೆಲಸ ನನ್ನದಾಗುತ್ತಿತ್ತು.

"ಸುಳ್ಳು ಕಣಮ್ಮಾ," ಎಂದೆ. "ನಿಮ್ಮ ಮಗ ಸೆಪ್ಟೆಂಬರ್‌ನಲ್ಲೇ ಹೊರಟುಹೋದ. ಎಲ್ಲಿಗೆ ಅಂತ ಇಲ್ಲಿ ಯಾರಿಗೂ ಗೊತ್ತಿಲ್ಲ. ಅವನ ಹೆಸರಲ್ಲಿ ಆಡಿದ್ದು ನಾನು."

ಗ್ರೀಕ್ ಓದುವ ಕಮ್ಮಾರ ತನ್ನ ಬೂಟು ನೋಡಿಕೊಳ್ಳುತ್ತಿದ್ದ. ಆ ತಾಯಿ ಕರವಸ್ತ್ರವನ್ನು ಮೆಲ್ಲಗೆ ಮಡಿಸಿದರು. "ನನ್ನ ಹತ್ರ ಜಗಳ ಆಡ್ಕೊಂಡು ಬಂದಿದ್ದ. ಕಾಗದ ಬರ್ಲಿಲ್ಲ. ಹುಡುಕ್ಕೊಂಡು ಹೋಗೋಣ ಅಂತ ಪೆಟ್ಟಿಗೆ ಕಟ್ಟಿದ್ದೆ. ಅಷ್ಟರಲ್ಲಿ ಪತ್ರಿಕೇಲಿ ಅವನ ಹೆಸರು ಬಂತು. ಕೋಪ ಇದ್ರೂ ಇರ್ಲಿ, ಆಡ್ಕೊಂಡು ಚೆನ್ನಾಗಿದಾನಲ್ಲ ಅಂತ ಪೆಟ್ಟಿಗೆ ಬಿಚ್ಚಿಟ್ಟೆ."

ಇಷ್ಟೇ ಹೇಳಿದ್ದು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

ಗೆಲುವು ರದ್ದಾಯಿತು. "ಒಂದ್ಸಲ ತಲೆ ಆಡಿಸಿದ್ರೆ ನಿಮ್ಮಪ್ಪನ ಗಂಟೇನು ಹೋಗ್ತಿತ್ತೋ?" ಎಂದು ಟಿಲ್‌ಸನ್ ನನ್ನನ್ನು ಆಚೆಗೆ ಕಳಿಸಿದ. ಹೊರಡುವಾಗ ಹುಡುಗರೆಲ್ಲ ಬೆನ್ನು ತಿರುಗಿಸಿದರು. ಆ ತಾಯಿಯ ಚೀಲ ಹೊತ್ತು ರೈಲಿನವರೆಗೂ ನಾನೇ ಬಿಟ್ಟುಬಂದೆ. ನಾಳೆ ಸೋಮವಾರ, ಮತ್ತೆ ಗಣಿಗೆ ಇಳಿಯುತ್ತೇನೆ. ನನಗಾಗಿ ಮರುಗಬೇಡ, ನೆಲದಡಿಯ ಕತ್ತಲೆ ನನಗೆ ಹೊಸದಲ್ಲ.

ಕ್ರಿಸ್‌ಮಸ್‌ಗೆ ಖಂಡಿತ ಬರುತ್ತೇನೆ, ಗಸಗಸೆ ಹೂರಣದ ರೊಟ್ಟಿ ಮಾಡಿಡು. ಪುಟ್ಟನ ಹಣೆಗೆ ನನ್ನದೊಂದು ಮುತ್ತು. ಅವನು ನೂರು ವರ್ಷ ಬಾಳಲಿ, ಹಗಲು ಬೆಳಕಿನಲ್ಲಿ ದುಡಿದು ತಿನ್ನಲಿ. ನಿನ್ನ ಒಲೆ ಆರದಿರಲಿ.

ನಿನ್ನ ಅಣ್ಣ,
ಓಂದ್ರೆಯ್

ಸಹಿ ಹಾಕಿದ ಮೇಲೆ: ಇದನ್ನು ಮಾತೆಯ್‌ಗೆ ಓದಿ ಹೇಳಬೇಡ. ರೈಲು ಕದಲಿದಾಗ ಆ ತಾಯಿ ಕಿಟಕಿಯಿಂದ ಬಗ್ಗಿ, "ನಿನ್ನ ಹೆಸರೇನಪ್ಪಾ? ಕೇಳ್ಲೇ ಇಲ್ವಲ್ಲ ನಾನು," ಎಂದರು. ನಾನು "ಕ್ಲಾರೆನ್ಸ್" ಎಂದುಬಿಟ್ಟೆ. ಬೇಕೆಂದಲ್ಲ ತಂಗೀ, ಬಾಯಿಗೆ ಅದೇ ಬಂತು. ಅವರು ನನ್ನನ್ನೇ ನೋಡಿ ತಲೆ ಒಳಗೆಳೆದುಕೊಂಡರು. ನನ್ನ ಹೆಸರು ಕೂಗಿಕೊಂಡು ರೈಲಿನ ಪಕ್ಕ ಓಡಿದೆ. ಅವರು ಆಗಲೇ ಕಿಟಕಿ ಮುಚ್ಚಿದ್ದರು.